ಸೋಮವಾರ ಕಾಣೆಯಾಗುವ ಕಡತ

ಕೌಸರಳ ಚೀಲದಲ್ಲಿ ಸಿಕ್ಕ ಫ್ಲಾಪಿಯನ್ನು ಅಂದಪ್ಪ ಎರಡೇ ಬೆರಳಲ್ಲಿ ಹಿಡಿದು ಮೇಲೆತ್ತಿದರು. ಮೇಲಿನ ಚೀಟಿಯಲ್ಲಿ ಅವಳದೇ ಅಕ್ಷರ: 'ಸೋಮವಾರ'.

"ಹಾಕಿ ನೋಡು," ಎಂದರು.

ಕಂಪ್ಯೂಟರ್ ರಿಪೇರಿಯ ಇಜಾಜ ಹಾಕಿ ನೋಡಿದ. ಇದ್ದದ್ದು ಒಂದೇ ಕಡತ. ಕಂಪ್ಯೂಟರಿನಿಂದ ಕಾಣೆಯಾಗಿದ್ದೂ ಅದೇ.

"ಮುದ್ದೇಮಾಲು ಸಿಕ್ಕಂಗಾತು," ಎಂದರು ಅಂದಪ್ಪ.

ಇಜಾಜ ಕೆಮ್ಮಿದ. ಗದಗಿನಿಂದ ಬೆಟಗೇರಿಗೆ ಬಂದು ಬಂದು ಸ್ಕೂಟರಿಗೂ ಅವನಿಗೂ ಒಂದೇ ಬಗೆಯ ಕೆಮ್ಮು ಹತ್ತಿತ್ತು. ಬೇರೆ ದಿನವಾಗಿದ್ದರೆ ಬ್ಯಾಂಕ್ ಮ್ಯಾನೇಜರರಿಂದ ಬಸ್ ಕಂಡಕ್ಟರನವರೆಗೆ ಎಲ್ಲರ ದನಿ ತೆಗೆದು ನಗಿಸುತ್ತಿದ್ದ. ಇವತ್ತು ಸ್ವಂತ ದನಿ ತೆಗೆಯಲಿಕ್ಕೂ ತ್ರಾಣವಿರಲಿಲ್ಲ.

ಮಗ್ಗದ ಓಣಿಯ ಮೂಲೆಯಲ್ಲಿ ಅಂದಪ್ಪನವರ ಅರ್ಜಿ ಕೇಂದ್ರ. ಜಿಲ್ಲೆ ಹೊಸದು, ಅರ್ಜಿಗಳೂ ಹೊಸವು, ಕಂಪ್ಯೂಟರ್ ಮಾತ್ರ ಹಳೆಯದು. ಅದನ್ನು ನಡೆಸುವವಳು ಕೌಸರ. ಅಂದಪ್ಪ ಮೂವತ್ತು ವರ್ಷ ರೇಷನ್ ಕಾರ್ಡುಗಳನ್ನು ಜಾಲಾಡಿ ನಿವೃತ್ತರಾದವರು. ಅವರು ಕಂಡ ಕಡತಗಳಿಗೆಲ್ಲ ಕೆಂಪು ಲಾಡಿ ಇತ್ತು. ಲಾಡಿಯಿಲ್ಲದ ಈ ಕಡತಗಳನ್ನು ಮೌಸೆಂಬ ಇಲಿ ಹಿಡಿದು ತೆರೆಯುವುದನ್ನು ಅವರಿಗೆ ಕಲಿಸಿದವಳೂ ಕೌಸರಳೇ. ನಾಲ್ಕು ತಿಂಗಳು ಬೇಕಾಯಿತು. ಮೊದಲ ಸಲ ಬಾಣ ಸರಿಯಾದ ಜಾಗಕ್ಕೆ ಹೋಗಿ ನಿಂತ ದಿನ ಅಂದಪ್ಪ ಇಡೀ ಓಣಿಗೆ ಚಹಾ ಕುಡಿಸಿದ್ದರು.

"ಅದೇನು ಅಂಥಾ ಬಂಗಾರದ ಕಡತ?" ಎಂದು ಕೇಳಿದರು.

"ಕಾವಲಿನ ಕಡತರಿ," ಎಂದ ಇಜಾಜ. "ಹೆಸರಿನ ಬಾಲಕ್ಕ ಡಿಎಲ್ಎಲ್ ಅಂತಿರ್ತೈತಿ. ಹೊರಗಿಂದ ಬರೋ ಕಾಗದದ ಸಹಿ ಖರೆ ಐತೋ ಸುಳ್ಳೋ ನೋಡೋದು ಇದರ ಕೆಲಸ. ಒಬ್ಬರದಲ್ಲ ಇದು, ಓಣಿಗೆಲ್ಲ ಒಂದ ನಳ ಇದ್ದಂಗ. ಹತ್ತು ಪ್ರೋಗ್ರಾಮು ಇಲ್ಲಿಗೇ ಬಂದು ಕೊಡ ತುಂಬಿಕೋತಾವ. ನಳ ಕಿತ್ತರ ಗುಪ್ತಪದ ಕೇಳೋ ಯಾವ ಪುಟಾನೂ ತೆರಿಯಂಗಿಲ್ಲ."

ಹಾಗೇ ಆಗಿತ್ತು. ಎರಡು ಸೋಮವಾರ ಪುಟ ತೆರೆಯಲಿಲ್ಲ, ಇಜಾಜ ಬಂದು ಸರಿ ಮಾಡಿದ. ಆಮೇಲೆ ಮೂರು ಸೋಮವಾರ ತಂಟೆ ಇರಲಿಲ್ಲ. ಇವತ್ತು ಮಲ್ಲಸಮುದ್ರದ ಬಸ್ಸು ಕೆಟ್ಟು ಕೌಸರ ತಡವಾಗಿ ಬಂದಳು. ಅಂದಪ್ಪನವರೇ ಬಾಗಿಲು ತೆಗೆದರು. ಕಡತ ಮತ್ತೆ ಇಲ್ಲ.

"ಶನಿವಾರ ಇಕಿ ಎರಡಕ್ಕ ಮನಿಗೆ ಹೋಗ್ತಾಳ. ಸೋಮವಾರ ಮುಂಜಾನೆ ಎಲ್ಲಾರಿಗಿಂತ ಮೊದಲು ಬರ್ತಾಳ. ಕೀಲಿ ಒಂದು ನನ್ನ ಕಡೆ, ಒಂದು ಇಕಿ ಕಡೆ." ಅಂದಪ್ಪ ಅವಳ ಕಡೆ ತಿರುಗಿದರು. "ಮುಂಡರಗಿಯಾಗೊಬ್ಬ ಇದ್ದ, ಲಕ್ಷ್ಮೇಶ್ವರದಾಗೂ ಅವನ ಹೆಸರು. ಎರಡು ಕಾರ್ಡು ಇಟ್ಕೊಂಡು ಹತ್ತು ವರ್ಷ ಸಕ್ರಿ ತಿಂದಿದ್ದ. ಅಂಥವನ್ನ ಹಿಡದಾಂವ ನಾನು. ನೀ ಯಾವ ಲೆಕ್ಕ ಯವ್ವಾ?"

ಇನ್ನೊಂದು ತಿಂಗಳಾದರೆ ಕೌಸರಳಿಗೆ ಇಲ್ಲಿ ವರ್ಷ ತುಂಬುತ್ತಿತ್ತು. ವರ್ಷದ ಅನುಭವ ಪತ್ರ ಸಿಕ್ಕರೆ ಗದಗಿನ ಕಾಲೇಜೊಂದರ ಕಚೇರಿಯಲ್ಲಿ ಜಾಗ ಹೆಚ್ಚುಕಡಿಮೆ ಖಾತ್ರಿ. ಕಳ್ಳಿ ಎಂದು ಕಳಿಸಿದರೆ ಗದಗವೂ ಇಲ್ಲ, ಬೆಟಗೇರಿಯೂ ಇಲ್ಲ.

"ಸಾಹೇಬ್ರ, ಒಂದು ಮಾತು," ಎಂದ ಇಜಾಜ. "ಕದಿಯೋರು ನಕಲು ಮಾಡ್ಕೊಂಡು ಹೋಗ್ತಾರ, ಮೂಲ ಅಲ್ಲೇ ಉಳೀತೈತಿ. ಇದನ್ನ ಯಾರೋ ಅಳಿಸ್ಯಾರ. ಅಳಿಸಿ, ಕಸದ ಬುಟ್ಟಿನೂ ಖಾಲಿ ಮಾಡ್ಯಾರ. ಭಾಳ ಶಿಸ್ತಿನ ಮನಷ್ಯಾ."

"ಕೆಟ್ಟಷ್ಟೂ ಕೆಲಸ ನಿನಗ. ನೀನ ಇರಬೇಕು."

"ಇಜಾಜಭಾಯಿ ಅಲ್ಲರಿ," ಎಂದಳು ಕೌಸರ. ತುಸು ಬೇಗನೇ ಎಂದಳು.

ಅಂದಪ್ಪ ಅವಳನ್ನು ನೋಡಿದರು, ಅವನನ್ನು ನೋಡಿದರು, ಗಂಟಲು ಸರಿಮಾಡಿಕೊಂಡರು. "ಹಂಗಾರ ಯಾರಂತ ನಿನಗ ಗೊತ್ತೈತಿ."

ಅವಳು ತಲೆ ತಗ್ಗಿಸಿದಳು.

"ಹೆಸರು ಹೇಳು. ಈಗಿಂದೀಗ ಪತ್ರಕ್ಕ ಸಹಿ ಹಾಕ್ತೇನಿ."

"ಪತ್ರ ಬ್ಯಾಡ ಬಿಡ್ರಿ ಸರ."

ಇಜಾಜನಿಗೆ ಸಿಟ್ಟು ಬಂತು. ದಣಿವು ಅದನ್ನೂ ನುಂಗಿತು. "ಹುಚ್ಚಿ ಅದಿಯೇನ ತಂಗಿ? ಯಾರ ಸಲುವಾಗಿ ಇಷ್ಟು?"

"ಹೇಳಿದ್ರ ಅವ್ರು ಮತ್ತ ತಲಿ ಎತ್ತಂಗಿಲ್ಲ," ಎಂದಳು. "ನಂಗಾದ್ರ ಇನ್ನೊಂದು ಕೆಲಸ ಸಿಗಬಹುದು."

"ಪ್ರೀತಿ ನೋಡು," ಎಂದರು ಅಂದಪ್ಪ, ಗೋಡೆಯ ಕಡೆ ಮುಖ ಮಾಡಿ. ಆಮೇಲೆ ಕೈ ಚಾಚಿದರು. ಕೌಸರ ಕೀಲಿಯನ್ನು ಅಂಗೈಯಲ್ಲಿಟ್ಟು, ಮೇಜಿನ ಖಾನೆಯಿಂದ ತನ್ನ ಬಾಚಣಿಗೆ, ಪೆನ್ನು, ಊಟದ ಡಬ್ಬಿ ಎತ್ತಿಕೊಂಡಳು.

ಇಜಾಜ ಕಡತವನ್ನು ತಿರುಗಿ ಅದರ ಜಾಗದಲ್ಲಿ ಕೂಡಿಸಿದ. ಗುಪ್ತಪದದ ಪುಟ ತೆರೆಯಿತು. "ಆತ್ರಿ. ಇನ್ನ ಮ್ಯಾಲೆ ಹುಷಾರಾಗಿ ನೋಡ್ಕೋರಿ."

"ನನಗ ಹೇಳ್ತಿ?" ಅಂದಪ್ಪ ಅವನನ್ನು ಎಬ್ಬಿಸಿ ತಾವೇ ಕುರ್ಚಿಯಲ್ಲಿ ಕುಳಿತರು. "ಇದು ಕೆಡೂದೆಲ್ಲಾ ಸೋಮವಾರ. ಶನಿವಾರ ಇಕಿ ಹೋದ ಮ್ಯಾಲೆ ಎರಡು ತಾಸು ಇದರ ಮುಂದ ಕುಂತು ಸ್ವಚ್ಛ ಮಾಡೇ ನಾ ಮನಿಗೆ ಹೋಗೂದು. ಹೆಂಗಂತ ನೋಡು, ನೀನೂ ಕಲಿ."

ಕೌಸರ ಹೊಸ್ತಿಲಲ್ಲಿ ನಿಂತಳು. ಕಣ್ಣು ಮುಚ್ಚಿಕೊಂಡಳು.

ಅಂದಪ್ಪ ಎಲ್ಲ ಕಡತಗಳ ಹೆಸರು ಹುಡುಕಲು ಕಂಪ್ಯೂಟರಿಗೆ ಹೇಳಿದರು. ಪರದೆಯ ಮೇಲೆ ಹೆಸರುಗಳು ಸಾಲಾಗಿ ಇಳಿದವು. ಒಂದು ಕಡೆ ಅವರ ಬಾಣ ನಡುಗದೆ ನಿಂತಿತು; ಕಾವಲಿನ ಕಡತದ ಹೆಸರು ಒಂದರ ಕೆಳಗೊಂದು, ಎರಡು ಬೇರೆ ಬೇರೆ ಫೋಲ್ಡರಿನ ಮನೆಗಳಲ್ಲಿ. ಅವರ ಮುಖ ಅರಳಿತು.

"ನೋಡಿದ್ಯಾ, ಮತ್ತ ಹುಟ್ಟೇತಿ. ಮೊನ್ನಿ ಶನಿವಾರನ ಈ ಬೋಗಸ್ ಹೆಸರು ಹೊಡದು ಹಾಕಿದ್ದೆ."