ಎತ್ತಿನ ಕಾಲು ಮುಟ್ಟಿದ್ದು

ಹಳೆಯ ಬೇಸಾಯದ ಪದ್ಧತಿಗಳ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ಬಂದಿದ್ದ ಶಾಲ್ಮಲಾಗೆ ಬೆಳಗಿನಿಂದ ಒಳಗೊಳಗೇ ಅಳುಕು. ಎತ್ತು ಹೂಡುವ ಮುನ್ನ ರೈತ ಫಕ್ಕೀರಜ್ಜ ಬಗ್ಗಿ ಅವುಗಳ ಕಾಲು ಮುಟ್ಟಿ ಏನೋ ಗೊಣಗಿದ್ದ. ಅಂಥ ದೃಶ್ಯ ಬಿಡಲಾದೀತೆ? ಬೆಳಕು ಸಾಲದೆಂದು, ಮುಖ ಕಾಣಲಿಲ್ಲವೆಂದು, ಎಪ್ಪತ್ತು ದಾಟಿದ ಮುದುಕನನ್ನು ಮೂರು ಸಲ ಬಗ್ಗಿಸಿದ್ದಳು. ಆತ ಹೇಳಿದಷ್ಟು ಸಲವೂ ಬಗ್ಗಿದ್ದ.

ಸಂಜೆ ಕ್ಯಾಮೆರಾ ಚೀಲ ಸೇರಿದ ಮೇಲೆ ಅಜ್ಜನ ಹತ್ತಿರ ಹೋದಳು.

"ಅಜ್ಜಾರ, ಭಾಳ ತ್ರಾಸು ಕೊಟ್ಟೆ. ನಡ ನೋಯಾಕತ್ತಿರಬೇಕು."

"ನಡದ್ದೇನ್ ಬಿಡ್ರಿ ಯವ್ವಾ."

"ಆ ಪದ್ಧತಿ ನನಗ ಭಾಳ ಹಿಡಿಸ್ತು. ದಿನಾ ಹಂಗ ಕಾಲು ಮುಟ್ಟೇ ಹೂಡ್ತೀರೇನು?"

ಅಜ್ಜ ಎತ್ತಿನ ಹೆಗಲಿಗೆ ಎಣ್ಣೆ ತಿಕ್ಕುತ್ತಿದ್ದ, ತಲೆ ಎತ್ತಲಿಲ್ಲ.

"ದಿನಾ ಯಾಕ್ ಮುಟ್ಟಲಿ ಯವ್ವಾ? ಇವತ್ತು ಸೋಮವಾರ, ಬಸವಣ್ಣನ ವಾರ. ಇವತ್ತ ಎತ್ತಿನ ಹೆಗಲಿಗೆ ನೊಗ ಇಡೂದು ನಮ್ಮಪ್ಪನ ಕಾಲದಿಂದ ಇಲ್ಲ. ನೀವು ನಾಳೆ ಇರೂದಿಲ್ಲ ಅಂದ್ರಿ. ಮನಿಗೆ ಬಂದವ್ರಿಗೆ ಒಲ್ಲೆ ಅನ್ನಾಕ ಬಾಯಿ ಬರಲಿಲ್ಲ. ಅದಕ್ಕ, ತಪ್ಪಾತಪ್ಪಾ ಅಂತ ಅವುಗಳ ಕಾಲು ಹಿಡಿದೆ."