ಹಗ್ಗದ ಆ ತುದಿ

ಹೀರೋನ ಅಂಗಿ ತೊಟ್ಟು ಅವನು ಮಹಡಿಯ ಅಂಚಿನಲ್ಲಿ ನಿಂತಿದ್ದ. ಹೀರೋ ಬದಲು ಹಾರುವುದು ಅವನ ಕಸುಬು. ಅವನ ಸೊಂಟದ ಹಗ್ಗದ ಇನ್ನೊಂದು ತುದಿ ಹಿಡಿಯುವುದು ಹೆಂಡತಿಯ ತಮ್ಮನದು. ಇಷ್ಟು ವರ್ಷ ಹಾರುವ ಮುಂಚೆ ಒಮ್ಮೆಯೂ ಹಿಂತಿರುಗಿ ನೋಡಿದವನಲ್ಲ. ಇವತ್ತು ಮಾತ್ರ ಕತ್ತು ಮತ್ತೆ ಮತ್ತೆ ಹಿಂದಕ್ಕೇ ಹೊರಳುತ್ತಿತ್ತು. ಬೆಳಿಗ್ಗೆ ಹೆಂಡತಿಯ ಕೆನ್ನೆಗೆ ಬಾರಿಸಿ ಬಂದಿದ್ದ.

"ಅಕ್ಕ ಫೋನ್ ಮಾಡಿದ್ಲು ಭಾವ," ಎಂದ ಭಾಮೈದ, ಸೊಂಟದ ಬೆಲ್ಟು ಬಿಗಿಯುತ್ತ.

ಅವನು ತಟ್ಟನೆ ತಿರುಗಿದ. "ಏನಂದ್ಲು?"

"ಕೆಳಗಿಳಿದ ಮೇಲೆ ಹೇಳ್ತೀನಿ."

"ಈಗಲೇ ಹೇಳೋ!"

"ಹಾರೋ ಹೊತ್ತಲ್ಲಿ ಮನೆ ಮಾತು ಬೇಡ ಅಂತ ನೀವೇ ಕಲಿಸಿದ್ದಲ್ವಾ?"

ಕೆಳಗಿನಿಂದ "ಆ್ಯಕ್ಷನ್!" ಎಂಬ ಕೂಗು ಬಂತು. ಅವನು ಕಣ್ಣು ಮುಚ್ಚಿ ಹಾರಿದ. ಇನ್ನೇನು ನೆಲ ಮುಖಕ್ಕೆ ಬಡಿಯಿತು ಅನ್ನುವಷ್ಟರಲ್ಲಿ ಹಗ್ಗ ಬಿಗಿಯಾಯಿತು. ಮಗುವನ್ನು ತೊಟ್ಟಿಲಿಗೆ ಇಳಿಸುವ ಹಾಗೆ ಅವನನ್ನು ಮೆಲ್ಲಗೆ ಇಳಿಸಿತು. ಸುತ್ತಲಿದ್ದವರು ಚಪ್ಪಾಳೆ ತಟ್ಟಿದರು.

ಭಾಮೈದ ಮೆಟ್ಟಿಲಿಳಿದು ಬಂದು ಅವನ ಬೆಲ್ಟು ಬಿಚ್ಚತೊಡಗಿದ.

"ಈಗಲಾದರೂ ಹೇಳೋ. ಏನಂದ್ಲು ನಿಮ್ಮಕ್ಕ?"

"ಕೆನ್ನೆ ಊದಿಕೊಂಡಿದೆಯಂತೆ. ಹಲ್ಲುನೋವು ಅಂದ್ಲು."

ಅವನಿಗೆ ಹೋದ ಜೀವ ಬಂದಂತಾಯಿತು. "ಹೌದು, ರಾತ್ರಿಯಿಂದಲೇ ನೋವು ಅಂತಿದ್ಲು ಪಾಪ," ಎಂದ.

ಭಾಮೈದ ಹಗ್ಗವನ್ನು ಮೊಣಕೈಗೆ ನಿಧಾನವಾಗಿ ಸುತ್ತಿಕೊಳ್ಳುತ್ತ ಹೇಳಿದ: "ನಾನೂ ನಂಬಿದವನ ಹಾಗೆ ಹ್ಞೂಂ ಅಂದೆ ಭಾವ. ನಾಳೆ ನೀವು ಹಾರುವಾಗಲೂ ಹಗ್ಗ ಹಿಡಿಯೋನು ನಾನೇ."