ರಾಜಿಯಾದ ಮೇಲೆ ಕೇಸು ಯಾರದು?

ಯಾರಾದರೂ ದೂರು ಕೊಟ್ಟ ಕೂಡಲೇ ಪೊಲೀಸರ ಟೊಪ್ಪಿಗೆಯಲ್ಲಿ ಕೇಸಿನ ಮರಿ ಹುಟ್ಟುತ್ತದೆ. ಮುಗಿಯುವ ತನಕ ಅದನ್ನು ಸಾಕುವ ಜವಾಬ್ದಾರಿ ಆರೋಪಿಯದು. ಮಾಳಿಗೆಯ ಮೇಲೆ ಹಪ್ಪಳ ಒಣಹಾಕುವ ಜಾಗಕ್ಕಾಗಿ ಪಕ್ಕದ ಮನೆಯ ಪಾರಕ್ಕನನ್ನು ಲಟ್ಟಣಿಗೆಯಿಂದ ಬಾರಿಸಿದ್ದ ನೀಲವ್ವನ ಕೇಸು, ವಾಯಿದೆಯ ಮೇಲೆ ವಾಯಿದೆ ಬಿದ್ದು ಎಮ್ಮೆಗರುವಿನಷ್ಟು ಬೆಳೆದಿತ್ತು.

"ಖರೇನ ರಾಜಿ ಆಗೀರೇನು?" ಹುಬ್ಬಳ್ಳಿಯ ಕೋರ್ಟಿನಲ್ಲಿ ನ್ಯಾಯಾಧೀಶರು ಕೇಳಿದರು.

"ಹೌದ್ರಿ ಸಾಹೇಬ್ರ, ನಿನ್ನೆ ಇಬ್ರೂ ಕೂಡೇ ಹಪ್ಪಳ ಲಟ್ಟಿಸೀವ್ರಿ" ಎಂದಳು ಪಾರಕ್ಕ.

"ಹಂಗಾದ್ರ ಕೇಸು ಮುಗೀತು. ಬಿಟ್ಟುಬಿಡ್ರಿ ಅದನ್ನ."

ಜವಾನ ಹಗ್ಗ ಬಿಚ್ಚಿದ. ಕೇಸು ಕದಲದೆ ನೀಲವ್ವನ ಸೆರಗು ಚೀಪುತ್ತ ನಿಂತಿತು. ಅವಳು ಅದರ ಕೊರಳು ತಬ್ಬಿಕೊಂಡಳು.

"ಇಷ್ಟು ವರ್ಷ ನನ್ನ ಕೈಯಾಗಿನ ರೊಟ್ಟಿ ತಿಂದೈತ್ರಿ. ಮನೀಗೆ ಕರ್ಕೊಂಡು ಹೋಗ್ತೀನಿ."

"ಅದ್ಹೆಂಗ? ದೂರು ಕೊಟ್ಟಾಕಿ ನಾನು! ನಾ ಇಲ್ಲಂದ್ರ ಅದು ಹುಟ್ತಿತ್ತೇನು?" ಪಾರಕ್ಕ ಕೇಸಿನ ಕಿವಿ ಹಿಡಿದು ಎಳೆದಳು. ನೀಲವ್ವ ಪಾರಕ್ಕನ ತುರುಬಿಗೆ ಕೈಹಾಕಿದಳು.

"ಹೊಡೀತಾಳ ನೋಡ್ರಿ! ಬರ್ಕೋರಿ ಕಂಪ್ಲೇಂಟು!"

ಬಾಗಿಲಲ್ಲಿದ್ದ ಪೊಲೀಸಪ್ಪ ನಿಟ್ಟುಸಿರು ಬಿಟ್ಟು ಟೊಪ್ಪಿಗೆ ತೆಗೆದ. ಒಳಗೆ ಕಣ್ಣು ತೆರೆಯದ ಮರಿಯೊಂದು ಕುಂಯ್‌ಗುಟ್ಟುತ್ತಿತ್ತು.

ಹಳೆಯ ಕೇಸು ಓಡಿಬಂದು ಅದನ್ನು ನೆಕ್ಕತೊಡಗಿತು.